ಪರದೆಯತ್ತ ಮುಖ ಮಾಡಿ ಕೂತವರು

ಶುಕ್ರವಾರ, ಮಾರ್ಚ್ ೧೪, ೧೯೯೭

ನನ್ನ ಮುದ್ದಿನ ಸಲಿಮಾತಾ,

ನೀನೂ ಅಳಿಯಂದಿರೂ ಅಬಿಜಾನಿನಲ್ಲಿ ಕ್ಷೇಮವೆಂದು ನಂಬಿದ್ದೇನೆ. ಅಪ್ಪನ ಸುದ್ದಿ ಬರೆಯಬೇಡ ಎಂದು ಹೋದ ಕಾಗದದಲ್ಲಿ ನೀನು ಹೇಳಿದ್ದೆ. ಈ ಸಲ ಆ ಮಾತು ಮೀರುತ್ತಿದ್ದೇನೆ. ಬೈಯುವುದಿದ್ದರೆ ಪೂರ್ತಿ ಓದಿ ಬೈ.

ನಿನ್ನ ಚಿಕ್ಕಮ್ಮನ ಮೊಮ್ಮಗುವಿನ ನಾಮಕರಣಕ್ಕೆಂದು ಬೋಬೊದಿಂದ ರಾಜಧಾನಿ ವಾಗಾಕ್ಕೆ ಹೋಗಿದ್ದೆ. ಆಗ ಚಿತ್ರೋತ್ಸವ ನಡೆಯುತ್ತಿತ್ತು. ನಿಮ್ಮಪ್ಪ ಸಂಗೀತ ಕೊಟ್ಟ ಚಿತ್ರ ಅಂದು ಮಧ್ಯಾಹ್ನ ಇದೆ ಎಂದು ಯಾರೋ ಹೇಳಿದರು. ಟಿಕೆಟ್ ತೆಗೆದುಕೊಂಡು ನಡುವಿನ ಸಾಲಿನಲ್ಲಿ ಕೂತೆ. ಅವರ ಮನೆ ಬಿಟ್ಟು ಬೋಬೊಗೆ ಬಂದ ಮೇಲೆ ನಾನು ಅವರ ಮುಖ ನೋಡಿರಲಿಲ್ಲ. ನಾನು ಬಂದದ್ದು ಮುಂದೆ ಕೂತಿದ್ದ ಅವರಿಗೆ ಗೊತ್ತಿರಲಿಲ್ಲ.

ಮದುವೆಗಳಲ್ಲಿ ನುಡಿಸಿ ವಂಶ ಹೊಗಳುವ ಕುಲವೃತ್ತಿ ಬಿಟ್ಟು ಅವರು ಸಿನಿಮಾಕ್ಕೆ ಹೋದಾಗ ನಿನ್ನ ತಾತ ಏನಂದಿದ್ದರು ಗೊತ್ತೇ? "ಮದುವೇಲಿ ಬಾರಿಸಿದ್ರೆ ಒಂದು ಮನೆತನದ ಹೆಸರು ಹೇಳ್ತೀಯ. ಬಿಳೀ ಬಟ್ಟೆ ಮುಂದೆ ಬಾರಿಸಿ ಯಾರ ಹೆಸರು ಹೇಳ್ತೀಯೋ?" ಇವರು ಹೊರಟೇ ಬಿಟ್ಟರು. ಚಿತ್ರೀಕರಣದ ಹಳ್ಳಿಗಳಿಗೆ ಮೊದಲೇ ಹೋಗಿ, ಒನಕೆಯ ಸದ್ದು, ಬಾವಿಯ ರಾಟೆಯ ಸದ್ದು ಕೇಳುತ್ತ ಕೂರುತ್ತಿದ್ದರು. ಬಂಡವಾಳ ಹಾಕಿದವರು ಪಿಟೀಲು ಬೇಕೆಂದಾಗ, ಈ ಹಳ್ಳಿಯಲ್ಲಿ ಪಿಟೀಲು ಯಾರೂ ಕೇಳಿಲ್ಲ ಎಂದು ಮರದ ಪಟ್ಟಿಗಳ ನಮ್ಮ ಬಾಲಾಫೋನನ್ನೇ ನುಡಿಸಿದರು. ಒಮ್ಮೆ ಬಂಡವಾಳದವರು ಒಂದು ಚಿತ್ರದಿಂದ ಇವರ ಸಂಗೀತವನ್ನೆಲ್ಲ ಕಿತ್ತು, ಎಲ್ಲಿಂದಲೋ ಕೊಂಡ ಸಂಗೀತ ತುಂಬಿದರು. ಅದು ಇವರಿಗೆ ತಿಳಿದದ್ದು ಎಲ್ಲರೊಂದಿಗೆ ಟಾಕೀಸಿನಲ್ಲಿ ಕೂತಾಗ. ಆಮೇಲೆ ಬಹಳ ಕಾಲ ವಾದ್ಯ ಮುಟ್ಟಲಿಲ್ಲ. ಪೆಲಾಜಿ ಎಂಬ ನಿರ್ದೇಶಕಿ ಬೆನ್ನು ಹತ್ತಿ ಈ ಚಿತ್ರಕ್ಕೆ ಒಪ್ಪಿಸಿದ್ದಳು.

ವಿಧವೆಯೊಬ್ಬಳು ಕತ್ತೆಯ ಮೇಲೆ ಸಾಮಾನು ಹೇರಿಕೊಂಡು ತವರಿಗೆ ಮರಳುವುದು ಚಿತ್ರದ ಕೊನೆಯ ಭಾಗ. ಮಾತೇ ಇಲ್ಲ, ಬರೀ ಸಂಗೀತ. ಅದು ಶುರುವಾಗುತ್ತಿದ್ದಂತೆ ಸದ್ದು ನಿಂತಿತು. ಜನ ಶಿಳ್ಳೆ ಹಾಕಿದರು, ಆಪರೇಟರನ್ನು ಎಬ್ಬಿಸಿ ಎಂದರು. ಫಿಲ್ಮಿನಿಂದ ಶಬ್ದ ಹೊರಡಿಸುವ ಬಲ್ಬು ಸುಟ್ಟಿದೆ, ಬೇರೆಯದಿಲ್ಲ ಎಂದು ಆತ ಕೂಗಿದ. ಬಹುಮಾನದ ತೀರ್ಪುಗಾರರೂ ಅಲ್ಲೇ ಇದ್ದರು. ಪೆಲಾಜಿ ತಲೆಯ ಮೇಲೆ ಕೈ ಹೊತ್ತು ನಿಂತಳು.

ಆಗ ನಿಮ್ಮಪ್ಪ ಎದ್ದರು. "ನಿಲ್ಲಿಸ್ಬೇಡಿ, ಚಿತ್ರ ಓಡ್ತಾ ಇರ್ಲಿ," ಎಂದರು. ಪ್ರದರ್ಶನ ಮುಗಿದ ಮೇಲೆ ಅಂಗಳದಲ್ಲಿ ನುಡಿಸಲು ತಂದಿದ್ದ ಬಾಲಾಫೋನನ್ನು ಎಳೆಸಿಕೊಂಡು, ನಮಗೆ ಬೆನ್ನು ಹಾಕಿ ಪರದೆಯತ್ತ ಮುಖ ಮಾಡಿ ಕೂತರು. ಕೈಗಳತ್ತ ಒಮ್ಮೆಯೂ ನೋಡಲಿಲ್ಲ. ಪರದೆಯ ಮೇಲೆ ಆ ವಿಧವೆ ನಡೆದಂತೆ ನುಡಿಸಿದರು. ಕತ್ತೆ ಹಟ ಮಾಡಿ ನಿಂತರೆ ಇವರ ಕೈಯೂ ನಿಂತಿತು. ಶಿಳ್ಳೆ ಹಾಕಿದವರೇ ಮುಂದಕ್ಕೆ ಬಾಗಿ ಕೂತರು ಮಗಳೇ.

ಊರು ಕಾಣುವ ಹೊತ್ತಿಗೆ ಹಾಡು ಬರಬೇಕಿತ್ತು. ಮದುಮಗಳನ್ನು ಕಳಿಸುವಾಗ ನಮ್ಮ ಮನೆತನದವರು ಹಾಡುವ ಹಾಡು. ಚಿತ್ರಕ್ಕೆ ಹಾಡಿದವಳು ಅಲ್ಲಿರಲಿಲ್ಲ. ಅವರು ಹಾಡಿಗೆ ಮುಂಚಿನ ಭಾಗ ನುಡಿಸಿದರು. ಹಾಡುವವರಿಲ್ಲದೆ ಮತ್ತೆ ಅದನ್ನೇ ನುಡಿಸಿದರು. ನಿನ್ನ ಮದುವೆಯಲ್ಲಿ ಅವರ ವಾದ್ಯವಿಲ್ಲದೆ ನಾನೊಬ್ಬಳೇ ಹಾಡಿದ್ದು ಅದೇ ಹಾಡು. ಅಂದು ಅವರು ಡಕಾರಿನಲ್ಲಿ ರೆಕಾರ್ಡಿಂಗಿನಲ್ಲಿದ್ದರು. ಅದು ತಪ್ಪೇ, ಸಣ್ಣದೆಂದು ನಾನು ಹೇಳುವುದಿಲ್ಲ. ಆದರೂ ಎದ್ದು ನಿಂತೆ. ಕೂತಿದ್ದ ಜಾಗದಿಂದಲೇ ಹಾಡಿದೆ. ಅವರು ತಿರುಗಲಿಲ್ಲ. ಬೆನ್ನು ಮಾತ್ರ ಒಮ್ಮೆ ನೆಟ್ಟಗಾಯಿತು.

ಮುಗಿದ ಮೇಲೆ ಜನ ಅವರನ್ನು ಮುತ್ತಿಕೊಂಡರು. ಎಲ್ಲರನ್ನೂ ದಾಟಿ ಬಂದು ಏನೆಂದರು ಗೊತ್ತೇ? "ಹಾಡಿನ ಮೂರನೇ ಸಾಲಲ್ಲಿ ನೀನು ಅವಸರ ಮಾಡ್ಬಿಟ್ಟೆ, ಜೆನೆಬಾ."

"ನಿಮ್ಮ ಕತ್ತೆ ಓಡಿದ್ರೆ ನಾನೇನ್ ಮಾಡ್ಲಿ?" ಎಂದೆ. ಅವರು ನಕ್ಕರು. ಆಮೇಲೆ ಅಲ್ಲೇ ಕುರ್ಚಿಯಲ್ಲಿ ಕೂತು ಮುಖ ಮುಚ್ಚಿಕೊಂಡರು.

ಬಹುಮಾನ ಬೇರೆ ಚಿತ್ರಕ್ಕೆ ಹೋಯಿತು. ಪೆಲಾಜಿಗೆ ಅದರ ಚಿಂತೆಯೇ ಇರಲಿಲ್ಲ. ಜೊತೆಯಲ್ಲಿ ಬಾಳುವುದಕ್ಕೆ ನಿಮ್ಮಪ್ಪ ಕಷ್ಟದ ಗಂಡಸೇ. ಆದರೆ ಅಂಥ ಕಿವಿ, ಅಂಥ ಕೈ ಇನ್ನೊಬ್ಬರಲ್ಲಿ ನಾನು ಕಂಡಿಲ್ಲ. ನೀನು ಅವರ ಮಗಳು, ನಿನಗೂ ಅದು ಗೊತ್ತಿರಲಿ ಎಂದು ಬರೆದೆ.

ನಿನ್ನ ಅಮ್ಮ,
ಜೆನೆಬಾ

ಮರೆತಿದ್ದೆ: ಉತ್ತರವನ್ನು ಬೋಬೊಗೆ ಹಾಕಬೇಡ, ಅಲ್ಲಿ ಮನೆಗೆ ಬೀಗ ಹಾಕಿದ್ದೇನೆ. ಲಕೋಟೆಯ ಹಿಂದೆ ಇರುವುದು ನಿಮ್ಮಪ್ಪನ ಮನೆಯ ವಿಳಾಸ. ಅಕ್ಷರವೂ ಅವರದೇ.