ಪೋಸ್ಟರಿನಲ್ಲಿ ಅವ್ವನ ಮುಖ

ಅಪ್ಪಾ,

ತೀರ್ಥರೂಪ ಎಂದು ಶುರು ಮಾಡಿದರೆ ನೀನು ನಗುತ್ತೀಯ, ಗೊತ್ತು. ಮೈಯೆಲ್ಲ ಬಣ್ಣ ಮೆತ್ತಿಕೊಂಡು ಕೊಪ್ಪಳದ ಅಂಗಡಿಗಳಿಗೆ ಬೋರ್ಡು ಬರೆಯುತ್ತಿದ್ದವನಿಗೆ ಬರೀ ಅಪ್ಪ ಅನ್ನುವುದೇ ಸರಿ. ನೀನು ಹೋಗಿ ಇಷ್ಟು ವರ್ಷವಾದ ಮೇಲೆ ಯಾಕೆ ಪತ್ರ ಅನ್ನುತ್ತೀಯಾ? ಅವ್ವ ಮೊನ್ನೆ ಒಂದು ಮಾತು ಹೇಳಿದಳು. ನಿನಗೆ ತಿಳಿಸದೆ ಇರಲಾಗಲಿಲ್ಲ.

ಬಾಂಗ್ಲಾ ಯುದ್ಧದ ಕಾಲ ನೆನಪಿದೆಯಾ? ನನಗಾಗ ಎಂಟು ವರ್ಷ. ಅಲ್ಲಿಂದ ಗಡಿ ದಾಟಿ ಬಂದವರಿಗೆ ನೆರವಾಗಿ ಎಂದು ಪೋಸ್ಟರ್ ಬರೆಯುವ ಕೆಲಸ ತಾಲೂಕು ಕಚೇರಿಯಿಂದ ನಿನಗೆ ಬಂತು. ಮಾದರಿಗೆ ಕೊಟ್ಟ ಚಿತ್ರದಲ್ಲಿ ಕೂಸು ಎತ್ತಿಕೊಂಡ ಬಂಗಾಲಿ ಹೆಂಗಸೊಬ್ಬಳಿದ್ದಳು. ನೀನೋ, ಅದೇ ಕೂಸನ್ನು ಇಳಕಲ್ ಸೀರೆ ಉಟ್ಟು, ತಲೆ ಮೇಲೆ ಸೆರಗು ಹೊದ್ದು, ಹಣೆ ತುಂಬ ಕುಂಕುಮ ಇಟ್ಟವಳ ಕೈಗೆ ಕೊಟ್ಟೆ. ಕೆಳಗೆ, ‘ಈ ತಾಯಿಗೆ ಒಂದು ಸೇರು ಜೋಳ ಕೊಡಿ’. ಗುಮಾಸ್ತರು, "ಈಕಿ ನಮ್ಮ ಕಡೆಯಾಕಿ ಅನಸ್ತಾಳಲ್ಲೋ?" ಅಂದರಂತೆ. "ದೂರದಾಕಿ ಅಂದ್ರ ಯಾರ ಕೊಡ್ತಾರ್ರಿ ಸಾಹೇಬ್ರ? ನಮ್ಮಾಕಿ ಅಂದ್ರ ಕೊಡ್ತಾರ." ಈ ಉತ್ತರವನ್ನು ನೀನು ಎಷ್ಟು ಸಲ ಹೇಳಿಕೊಂಡಿಲ್ಲ!

ಆದರೆ ಯಾರ ಮುಖ ಬರೆದೆ ಅಪ್ಪಾ? ಅವ್ವನನ್ನು ಒಂದು ಮಾತು ಕೇಳಬಾರದಿತ್ತೇ... ನೀರಿಗೆ ಹೋದಲ್ಲೆಲ್ಲ ಓಣಿಯ ಹೆಂಗಸರು, "ಯಾಕವಾ, ಮನ್ಯಾಗ ಜ್ವಾಳ ತೀರ್ಯಾವೇನು?" ಎಂದು ಅವಳನ್ನು ಕಾಡಿಸತೊಡಗಿದರು. ಹನುಮಸಾಗರದ ಸೋದರಮಾವ ಕುಷ್ಟಗಿ ಬಸ್ ಸ್ಟ್ಯಾಂಡಿನ ಗೋಡೆಯ ಮೇಲೆ ತಂಗಿಯನ್ನು ಕಂಡು ಹೌಹಾರಿದ. ಓದಲು ಬಾರದವನಿಗೆ ಯಾರೋ ಅಕ್ಷರ ಬೇರೆ ಓದಿ ಹೇಳಿದ್ದರು. ಮರುದಿನವೇ ಒಂದು ಚೀಲ ಜೋಳ ತಂದು ಬಾಗಿಲಲ್ಲಿ ಇಳಿಸಿ, "ನಮ್ಮ ತಂಗೀನ ಬಸ್ ಸ್ಟ್ಯಾಂಡಿನ್ಯಾಗ ಬೇಡಾಕ ನಿಲ್ಲಿಸೀರಲ್ರೀ!" ಎಂದು ನಿನ್ನ ಮೇಲೆ ಹರಿಹಾಯ್ದ. ಈಗ ನಗು ಬರುತ್ತದೆ. ಅವತ್ತು ಮನೆಯಲ್ಲಿ ಯಾರೂ ನಗಲಿಲ್ಲ. ಅವ್ವ ಚೀಲವನ್ನು ಒಳಗೆ ಬಿಟ್ಟುಕೊಳ್ಳಲಿಲ್ಲ. "ಇನ್ನ ಮ್ಯಾಲ ನನ್ನ ಮಾರಿ ಬರದ್ರ ನೋಡ್ರಿ," ಅಂದವಳೇ ಅಡುಗೆಮನೆ ಸೇರಿದಳು.

ಅಲ್ಲಿಂದಾಚೆ ನೀನು ಬಳೆ ಅಂಗಡಿಗೆ ಬರೆದ ಹೆಣ್ಣೂ ಬೆನ್ನು ತಿರುಗಿಸಿಯೇ ನಿಂತಳು. ಯಲಬುರ್ಗಾ, ಗಂಗಾವತಿ ಅಂತ ಊರೂರು ಸುತ್ತಿ ಗೋಡೆ ತುಂಬಿಸಿದೆ, ಅವ್ವನ ಮುಖ ಮಾತ್ರ... ಕೊನೆಗೆ ಹಾಸಿಗೆ ಹಿಡಿದಾಗಲೂ ನನ್ನ ಕೈ ಹಿಡಿದು ಕೇಳಿದ್ದು ಅದನ್ನೇ: "ನಿಮ್ಮವ್ವ ಆ ಸಿಟ್ಟ ಬಿಟ್ಟಾಳೇನವಾ?" ನಾನು ಹೂಂ ಅಂದೆ. ನೀನು ನಂಬಲಿಲ್ಲ. ನನಗೂ ಅದು ನಿಜವೆಂದು ಗೊತ್ತಿರಲಿಲ್ಲ, ಅಪ್ಪಾ. ಸಾಯುವವನಿಗೆ ಸುಳ್ಳು ಹೇಳಿದೆನಲ್ಲ ಎಂದು ಇಷ್ಟು ವರ್ಷ ಕೊರಗಿದ್ದೇನೆ.

ಮೊನ್ನೆ ಗಿಣಿಗೇರಾದ ನನ್ನ ಮನೆಯಲ್ಲಿ ನಾನು, ಅವ್ವ ಇಬ್ಬರೂ ಶೇಂಗಾ ಸುಲಿಯುತ್ತ ಕೂತಿದ್ದೆವು. ಮೊಬೈಲಿಗೆ ಎಲ್ಲೋ ನಡೆಯುತ್ತಿರುವ ಯುದ್ಧದ ಪೋಸ್ಟರ್ ಬಂತು. ಮಿತ್ರದೇಶದ ಜೊತೆ ನಿಲ್ಲಿ ಅಂತ ಬರೆದು ಅಳುವ ಹೆಂಗಸಿನ ಮುಖ ಹಾಕಿದ್ದರು. ಅವ್ವ ಕನ್ನಡಕ ಏರಿಸಿ ನೋಡಿ, "ಈಕೀನೂ ಕೇಳದ ಬರದಾರೇನು?" ಅಂದಳು. ನಾನು ಧೈರ್ಯ ಮಾಡಿದೆ: "ಅಪ್ಪನ ಮ್ಯಾಲ ಇನ್ನೂ ಸಿಟ್ಟ ಐತೇನವಾ?"

ಆಗ ಹೇಳಿದಳು. ಮಾವ ವಾಪಸ್ ಒಯ್ದನೆಂದು ನಾವು ತಿಳಿದಿದ್ದ ಆ ಚೀಲ ಪಕ್ಕದ ಮನೆಯಲ್ಲೇ ಇತ್ತಂತೆ. ಅದನ್ನು, ನಾಲ್ಕನೇ ದಿನ ನೀನು ಕೆಲಸಕ್ಕೆ ಹೋದ ಮೇಲೆ, ಬಂಡಿಗೆ ಹಾಕಿಸಿ ಅವ್ವನೇ ಕಚೇರಿಗೆ ಕೊಟ್ಟುಬಂದಳಂತೆ! ಅಲ್ಲಿ ಕೊಡಲು ಬಂದವರ ಸರದಿಯಲ್ಲಿ ಒಬ್ಬ ಮುದುಕಿ, ಸೆರಗಿನಲ್ಲಿ ಒಂದು ಸೇರು ಜೋಳ ಕಟ್ಟಿಕೊಂಡು ನಿಂತಿದ್ದಳಂತೆ. ಗೋಡೆಯ ಮೇಲೆ ನೀನು ಬರೆದ ಚಿತ್ರ ನೋಡಿದಳು, ಅವ್ವನನ್ನು ನೋಡಿದಳು, ಓಡಿ ಬಂದು ಎರಡೂ ಕೆನ್ನೆ ಹಿಡಿದುಕೊಂಡಳು. "ಉಳದ ಬಂದ್ಯಾ ನನ್ನವ್ವ? ಕೂಸು ಎಲ್ಲೈತಿ?"

"ನೀ ಏನಂದಿ?" ಅಂದೆ.

"ಪಾಟಿಚೀಲ ತಗೊಂಡ ಸಾಲಿಗೆ ಹೋಗ್ಯಾಳ ಅಂದೆ. ಮುದುಕಿ ಅಳಾಕತ್ತಿದ್ಲು, ನಾನೂ ಅತ್ತೆ. ಅವತ್ತ ಹೋತು ನೋಡು ಸಿಟ್ಟು."

"ಅಪ್ಪಗ ಯಾಕ ಹೇಳಲಿಲ್ಲ?"

"ಹೇಳಿದ್ರ ಊರ ತುಂಬ ನನ್ನ ಮಾರೀನ ಬರೀತಿದ್ರು!" ಎಂದು ನಕ್ಕಳು. ಆಮೇಲೆ ಶೇಂಗಾದ ಬುಟ್ಟಿ ಪಕ್ಕಕ್ಕೆ ಸರಿಸಿದಳು. "ಹೇಳಬೇಕಿತ್ತು," ಅಂದಳು.

ನಾಲ್ಕೇ ದಿನದ ಸಿಟ್ಟು, ಅಪ್ಪಾ. ನಾನು ನಿನಗೆ ಸುಳ್ಳು ಹೇಳಿರಲಿಲ್ಲ.

ನಿನ್ನ ಮಗಳು,
ಗಿರಿಜಾ