ಮಹಬೂಬಸಾಬನ ಗೋರಿಯ ಮಲ್ಲಿಗೆ

ಬೆಟಗೇರಿ
೧೪-೬-೧೯೮೨

ಹಸೀನಾಬಿಗೆ ದಸ್ತಗೀರಸಾಬನ ಸಲಾಮು.

ಸತ್ತುಹೋದ ಹೆಂಡತಿಗೆ ಕಾಗದ ಬರೆಯುವ ರೀತಿ ನನಗೆ ಗೊತ್ತಿಲ್ಲ. ತಪ್ಪಿದ್ದರೆ ಹೊಟ್ಟೆಗೆ ಹಾಕಿಕೊ. ಶಿರಹಟ್ಟಿ ಸಂತೆಯಲ್ಲಿ ಜಾದೂ ಆಟ ಮುಗಿಸಿ ಬಂದಾಗ ನಿನ್ನ ಕಾರ್ಡು ಬಾಗಿಲ ಸಂದಿಯಲ್ಲಿತ್ತು. ಹನ್ನೊಂದು ವರ್ಷದ ಮೇಲೆ ಬರೆದವಳು ಒಂದು ಲಕೋಟೆಯನ್ನಾದರೂ ಕೊಳ್ಳಬೇಕಿತ್ತು. ರಮಜಾನ್ ಹಬ್ಬಕ್ಕೆ ಬಂದು ಮಗಳನ್ನು ನೋಡುತ್ತೀಯಂತೆ. ಬರಬೇಡ.

ಎರಡು ವರ್ಷದ ಸಾಬೀರಾಳನ್ನು ನನ್ನ ಆಟದ ಬುಟ್ಟಿಯಲ್ಲಿ ಮಲಗಿಸಿ, ಮುಂಡರಗಿಯ ಬಳೆ ವ್ಯಾಪಾರಿಯ ಜೊತೆ ನೀನು ಬಸ್ಸು ಹತ್ತಿದೆ. ತಾಯಿ ಹಾವು ಕಚ್ಚಿ ಸತ್ತಳೆಂದು ನಾನು ಕೂಸಿಗೆ ಹೇಳಿದೆ. ಬಿಟ್ಟುಹೋದಳು ಎಂದರೆ ಅವಳು ತನ್ನದೇ ತಪ್ಪು ಹುಡುಕುತ್ತ ಕೂಡುತ್ತಾಳೆ. ಸತ್ತಳು ಎಂದರೆ ತಪ್ಪು ಹಾವಿನದು.

ಏಳನೆಯ ವಯಸ್ಸಿಗೆ ಅವಳು ತಾಯಿಯ ಗೋರಿ ಕೇಳಿದಳು. ಮುಳಗುಂದದ ಖಬರಸ್ತಾನದಲ್ಲಿ ಹೆಸರು ಕೆತ್ತದ ಒಂದನ್ನು ತೋರಿಸಿದೆ. ತೀರಿಹೋದವರಿಗೆ ಹೂ ಹಾಕುವ ಶಬೇಬರಾತ್ ಬಂದರೆ ಮಲ್ಲಿಗೆ ಹಾಕಿ, ಫಾತಿಹಾ ಓದಿಸಿ ಬರುತ್ತೇವೆ.

ಮೂರನೆಯ ವರ್ಷ ರೋಶನಬಿ ಎಂಬ ಮುದುಕಿ ಅಡ್ಡ ನಿಂತಳು. ಗೋರಿಯಲ್ಲಿದ್ದದ್ದು ಅವಳ ಗಂಡ ಮಹಬೂಬಸಾಬ. ಸಾಬೀರಾಳಿಗೆ ಕೇಳದಂತೆ ನನ್ನ ರಟ್ಟೆ ಹಿಡಿದು ಎಳೆದೊಯ್ದಳು. "ಯಾರಲೇ ಈ ಹುಡುಗಿ? ಎಲ್ಲೆರ ಇನ್ನೊಂದು ಸಂಸಾರ ಇಟ್ಟಿದ್ನೇನು ನಮ್ಮ ಮುದುಕ?" ಎಂದಳು. ಸಂತೆ ತುಂಬ ಸುಳ್ಳು ಮಾರುವ ನಾನು ಅಲ್ಲಿ ಖರೆ ಹೇಳಿದೆ. ಅವಳು ನನ್ನ ರಟ್ಟೆ ಸಡಿಲಿಸಿ, "ಬಿಡು. ಅಂವ ಸತ್ತಾಗ ನಾನೂ ಅತ್ತಿಲ್ಲ. ವರ್ಷಕ್ಕೊಮ್ಮಿ ಯಾರರ ಅಳಲಿ" ಎಂದಳು. ಈಗ ನಾವು ಹೋದರೆ ಹೂವಿಗೆ ಚಿಮುಕಿಸುವ ನೀರನ್ನು ಅವಳೇ ತಂದಿಡುತ್ತಾಳೆ.

ಏಳು ಸಲ ಸಾಬೀರಾ ಅತ್ತದ್ದು ಯಾರ ಗೋರಿಗೆ ಎಂದು ನೀನು ಬಂದು ಹೇಳುತ್ತೀಯಾ? ಪಶ್ಚಾತ್ತಾಪ ನಿನ್ನದು, ಹೊರಲು ಹದಿಮೂರರ ಹುಡುಗಿಯ ಹೆಗಲು ಹುಡುಕಬೇಡ. ಊರು ನನ್ನನ್ನು ಸುಳ್ಳ ಎನ್ನಲಿ, ಅಲ್ಲಾಹನೂ ಕೇಳಲಿ, ಅವನಿಗೂ ಇದೇ ಉತ್ತರ ಕೊಡುತ್ತೇನೆ. ಮಾಯವಾದದ್ದನ್ನು ಮರಳಿ ತೋರಿಸಿದರೇ ಚಪ್ಪಾಳೆ ಎಂಬುದು ನನ್ನ ಕಸುಬಿನ ನಿಯಮ. ಈ ಒಂದು ಆಟಕ್ಕೆ ನನಗೆ ಚಪ್ಪಾಳೆ ಬೇಡ.

ನಿನ್ನವನಲ್ಲದ,
ಸಾಬೀರಾಳ ಅಬ್ಬಾ
ದಸ್ತಗೀರಸಾಬ

ತಾ.ಕ.: ಅಂಟು ತಾ ಎಂದು ಸಾಬೀರಾಳನ್ನು ಕರೆದೆ. ಅವಳು ಲಕೋಟೆ ಇಸಿದುಕೊಂಡು, ನಾನು ಬೇಡವೆನ್ನುವುದರೊಳಗೆ ನಿನ್ನ ಹೆಸರು, ಓಣಿ, ಮುಂಡರಗಿ ಎಲ್ಲ ಬರೆದುಬಿಟ್ಟಳು. ನಿನ್ನ ಕಾರ್ಡನ್ನು ನಾನು ಅವಳಿಗೆ ತೋರಿಸಿರಲಿಲ್ಲ, ಅದು ನನ್ನ ಜೇಬಿನಲ್ಲೇ ಇತ್ತು. ನನ್ನ ಮುಖ ನೋಡದೆ, "ಟಪಾಲು ಹೋಗೂ ಹೊತ್ತಾತು ಅಬ್ಬಾ, ಜಲ್ದಿ ಹಾಕಿ ಬರ್ರಿ" ಎಂದಳು.