ಹೆಸರು ಕೇಳುವ ಬಾಗಿಲು

ಮಸ್ಕಿ
೧೨–೨–೧೯೯೭

ಬರೋಡಾದಲ್ಲಿ ನೆರೆದಿರುವ ಸಮಸ್ತ ಕಲಾಭಿಮಾನಿ ಮಹಾಜನರೇ, ಅರ್ಥಾತ್ ಪ್ರೀತಿಯ ತಂಗಿ ಅಂಬಮ್ಮಾ,

ಮೊದಲು ನಿನ್ನ ಕೆಮ್ಮು ಹೇಗಿದೆ ತಿಳಿಸು. ಅಲ್ಲಿಯ ಸಿಹಿ ಬೇಳೆ ಗಂಟಲಿಗೆ ಒಗ್ಗಿತೇ? ಇಲ್ಲಿ ನಾವು ಕ್ಷೇಮ. ನನ್ನ ಹೊಟ್ಟೆ ಮಾತ್ರ ಕ್ಷೇಮವನ್ನೂ ದಾಟಿ ಅಂಗಿಯ ಗುಂಡಿಗಳ ಜೊತೆ ಜಗಳಕ್ಕೆ ನಿಂತಿದೆ.

‘ಅವ್ವ ನೋಡಲು ಒಲ್ಲೆ ಅಂದರೆ ಗಿರಣಿಯಲ್ಲಿಟ್ಟ ಆ ಬಾಗಿಲು ಬಿಚ್ಚಿ ಒಲೆಗೆ ಹಾಕು, ನಾನಿನ್ನು ಊರಿಗೆ ಬರುವುದಿಲ್ಲ’ ಎಂದು ಬರೆದಿದ್ದೀ. ಒಲ್ಲೆ, ಒಲೆ! ಸಿಟ್ಟಿನಲ್ಲೂ ಪ್ರಾಸ ಬಿಟ್ಟಿಲ್ಲ, ನನ್ನ ತಂಗಿಯೇ ಸರಿ. ಅವ್ವನೂ ಕಡಿಮೆಯಿಲ್ಲ. ನೀನು ಕ್ಯಾಮೆರಾ ಹೊತ್ತು ಗೊರೇಬಾಳ, ವಳಕಮದಿನ್ನಿಯ ಹೆಂಗಸರಿಂದ ಒಡಪು ಹೇಳಿಸುತ್ತ ತಿರುಗಿದಾಗ, “ಹೇಳಾಕ ತನಗೊಬ್ಬ ಗಂಡಿಲ್ಲ, ಊರಮಂದಿ ಗಂಡರ ಹೆಸರು ಕೂಡಿ ಹಾಕಾಕತ್ತಾಳ” ಎಂದು ನಿನ್ನ ಜೊತೆ ಮಾತು ಬಿಟ್ಟವಳು, ನಿನ್ನೆಯವರೆಗೂ ಬಿಟ್ಟೇ ಇದ್ದಳು.

ನಿನ್ನೆ ಪಕ್ಕದ ಮನೆಯ ಪಂಪಮ್ಮ, “ಪುಕ್ಕಟ ಟೀವಿ ತೋರಸ್ತಾರ ಬಾ ಬೇ, ಕಸ್ತೂರೆಮ್ಮ” ಎಂದು ಅವ್ವನನ್ನು ಎಳೆದುಕೊಂಡು, ನಿನ್ನ ಕಲಾಪ್ರದರ್ಶನವಿರುವ ಆ ಮುಚ್ಚಿದ ಹತ್ತಿ ಗಿರಣಿಗೆ ಬಂದಳು. ನಾನು ಎಂದಿನಂತೆ ಕ್ಯಾಸೆಟ್ ಹಿಂದಕ್ಕೆ ಸುತ್ತಿ ಹಾಕುತ್ತ ಮೂಲೆಯಲ್ಲಿದ್ದೆ. ಕತ್ತಲಲ್ಲಿ ನೀನು ನಿಲ್ಲಿಸಿ ಹೋದ ಒಂಟಿ ಬಾಗಿಲು; ಮೇಲಿನ ಟೀವಿಯಲ್ಲಿ ಮದುವಣಗಿತ್ತಿಗೆ ಹೊಸಿಲಲ್ಲಿ ಅಡ್ಡಗಟ್ಟಿದ ಹೆಂಗಸರು: “ಹೆಸರು ಹೇಳು, ಒಳಗ ಬಾ!” ಆಮೇಲೆ ಕ್ಯಾಸೆಟ್ಟಿನಲ್ಲಿ ತುಸು ಹೊತ್ತು ಸದ್ದಿಲ್ಲ. ನೋಡುವವರು ಸುಮ್ಮನೆ ದಾಟಲಿ ಎಂದು ನೀನು ಅಂದುಕೊಂಡಿದ್ದೆ. ನಮ್ಮ ಊರಿನ ಹೆಂಗಸರು ದಾಟುತ್ತಾರೆಯೇ? ಹೊಸಿಲಲ್ಲಿ ಕೇಳಿದ ಮೇಲೆ ಗಂಡನ ಹೆಸರನ್ನು ಪ್ರಾಸದಲ್ಲಿ ಕಟ್ಟಿ ಒಡಪು ಹೇಳಲೇಬೇಕು. ಪಂಪಮ್ಮ ಸೆರಗು ಸರಿಮಾಡಿಕೊಂಡು, “ಲಿಂಗಸುಗೂರು ಬಸ್ಸಿನ್ಯಾಗ ಸಿಗಾಂಗಿಲ್ಲ ಸೀಟು, ನನ್ನ ಗಂಡ ಯಮನೂರಪ್ಪ ಯಾವಾಗ್ಲೂ ಲೇಟು” ಎಂದು ದಾಟಿದಳು.

ಹಿಂದೆ ಅವ್ವ. ಬರಿ ಹಣೆ. ಟೀವಿಗೇನು ಗೊತ್ತು? ಗಂಡ ಸತ್ತವಳನ್ನು ನಮ್ಮಲ್ಲಿ ಯಾರೂ ಹೆಸರು ಕೇಳುವುದಿಲ್ಲ, ಅದು ಕೇಳಿಬಿಟ್ಟಿತು. ನಾನು ಯಂತ್ರ ನಿಲ್ಲಿಸಲು ಕೈ ಚಾಚಿದೆ. ಅಷ್ಟರಲ್ಲಿ ಅವ್ವ ಬಾಗಿಲಿನ ತೋಳು ಹಿಡಿದುಕೊಂಡು, ಎಳೆಯ ಹುಡುಗಿಯ ದನಿಯಲ್ಲಿ ಹೇಳಿದಳು:

“ಕಾಲುವಿ ನೀರು ಕಡೀ ಹೊಲಕ್ಕ ತಡಾ ಮಾಡಿ ಬಂತಪ್ಪ,
ಹೇಳದಂಗ ಎದ್ದು ಹೋದಾತ ನನ್ನ ಅಮರಗುಂಡಪ್ಪ.”

ಟೀವಿಯೊಳಗಿನ ಹೆಂಗಸರು, ಎಲ್ಲರಿಗೂ ನಗುವಂತೆ, ಗೊಳ್ಳೆಂದು ನಕ್ಕು “ಬಾರವ್ವ ಒಳಗ” ಎಂದರು. ಅವ್ವ ಹೊಸಿಲು ಮುಟ್ಟಿ ನಮಸ್ಕರಿಸಿ ದಾಟಿದಳು. ಒಳಗೆ ನಿನ್ನ ಒಡಪಿನ ಹೆಂಗಸರು ತುಂಬಿದ ಟೀವಿಗಳ ಬೆಳಕೆಲ್ಲ ಅವಳ ಮುಖದ ಮೇಲೆ. ಊರಿಗೆಲ್ಲ ಪ್ರಾಸ ಕಟ್ಟಿಕೊಡುವ ನಾನು ಇಂಥದ್ದೊಂದು ಒಡಪು ಕಟ್ಟಿದವನಲ್ಲ. ಅಪ್ಪನ ಹೆಸರು ಅವಳ ಬಾಯಲ್ಲಿ ಅಷ್ಟು ಹೊಸದಾಗಿತ್ತು ತಂಗಿ, ಆಗಷ್ಟೇ ಯಾರೋ ತೊಟ್ಟಿಲಲ್ಲಿ ಇಟ್ಟ ಹಾಗೆ.

ನಿನ್ನ ಗುರುಗಳಿಗೆ ನನ್ನ ನಮಸ್ಕಾರ. ಗಂಟಲಿಗೆ ಬೆಚ್ಚಗೆ ಸುತ್ತಿಕೋ. ಅಮರೇಶ್ವರ ನಿನ್ನನ್ನು ಕಾಯಲಿ.

ನಿನ್ನ ಅಣ್ಣ,
ದೊಡ್ಡಬಸಪ್ಪ

ತಾ.ಕ.: ಡಬ್ಬಿಗೆ ಹಾಕಲು ಹೊರಟವನನ್ನು ಅವ್ವ ತಡೆದು ಬರೆಸುತ್ತಿದ್ದಾಳೆ: “ಆಕಿ ಬರಲಿ. ನಮ್ಮನಿ ಹೊಸಿಲಾಗ ನಾನೇ ಅಡ್ಡ ನಿಂದ್ರತೀನಿ. ಗಂಡನ ಹೆಸರು ಬ್ಯಾಡ, ಆಕಿದು ಆಕಿ ಹೆಸರು ಹೇಳಲಿ. ಒಳಗ ಬಿಡ್ತೀನಿ.” ಬಾಗಿಲು ಬಿಚ್ಚುವುದಿಲ್ಲ. ಇಷ್ಟೆಲ್ಲ ನಗುತ್ತ ಬರೆದಂತಿದೆ, ಅಲ್ಲವೇ? ಸುಳ್ಳು. ನಿನ್ನೆಯಿಂದ ಅಳುತ್ತಲೇ ಇದ್ದೇನೆ. ಬೇಗ ಬಾ.